ಗೆರೆ ನೋಡಿ ಮನೆ ಕೊಂಡವರು

ಕಾಕಾ ಅಮೆರಿಕದ ವರ್ಜೀನಿಯಾದಲ್ಲಿರುವ ಹರ್ನ್‌ಡನ್ ಬಿಟ್ಟು, ಉತ್ತರ ಕರೊಲಿನಾದಲ್ಲಿ ಮಗಳಿರುವ ಷಾರ್ಲಟ್‌ಗೆ ಹೊರಟು ನಿಂತಾಗ ನಮ್ಮ ಕನ್ನಡ ಸಂಘದವರು ಬೀಳ್ಕೊಡುಗೆಯ ಊಟ ಇಟ್ಟುಕೊಂಡರು. ಊಟಕ್ಕೆ ಮುಂಚೆ ಐದು ನಿಮಿಷ ನಾನು ಅವರನ್ನು 'ಮಾಡಿ ತೋರಿಸಬೇಕು' ಎಂದು ಅಪ್ಪಣೆಯಾಯಿತು. ಸಂಘದಲ್ಲಿ ನನಗಿರುವ ಕೆಲಸ ಅದೊಂದೇ. ಕೆಲವರು ಹಾಡುತ್ತಾರೆ, ಕೆಲವರು ನಾಟಕ ಆಡುತ್ತಾರೆ, ಉಳಿದವರು ಪಾರ್ಕಿಂಗ್ ನೋಡಿಕೊಳ್ಳುತ್ತಾರೆ. ನಾನು ಇವರೆಲ್ಲರನ್ನೂ ಅಣಕಿಸುತ್ತೇನೆ. ಅಧ್ಯಕ್ಷರು ಭಾಷಣಕ್ಕೆ ಮುಂಚೆ ಗಂಟಲು ಸರಿಮಾಡಿಕೊಳ್ಳುವುದು, ನಮ್ಮ ಮ್ಯಾನೇಜರು ಏನೂ ಅರ್ಥವಾಗದಿದ್ದಾಗ "ಗುಡ್ ಪಾಯಿಂಟ್" ಅನ್ನುವುದು, ನಮ್ಮಮ್ಮ ಮೈಸೂರಿನಿಂದ ಫೋನ್ ಮಾಡಿ ಹಲೋ ಅನ್ನುವ ಬದಲು "ತಿಂದ್ಯಾ?" ಅನ್ನುವುದು, ಎಲ್ಲ ನನ್ನ ಹತ್ತಿರ ಸ್ಟಾಕಿದೆ. ಊರವರ ದನಿಯನ್ನೆಲ್ಲ ಹಾಕಿಕೊಂಡು ತಿರುಗಿ ತಿರುಗಿ, ನನ್ನ ಸ್ವಂತ ದನಿ ಯಾವ ಜಾಕೆಟ್ಟಿನ ಜೇಬಿನಲ್ಲಿ ಉಳಿದುಹೋಯಿತೋ ನನಗೇ ನೆನಪಿಲ್ಲ. ಸಂದರ್ಶನಗಳಲ್ಲಿ "ನಿಮ್ಮ ಬಗ್ಗೆ ಹೇಳಿ" ಅಂದರೆ ನಾನು ಯಾರದೋ ಬಗ್ಗೆ ಹೇಳಿ ಬಂದಿರುತ್ತೇನೆ. ಆ ಕೆಲಸ ಅವನಿಗೇ ಸಿಗಬೇಕಾಗಿತ್ತು.

ಆದರೆ ಕಾಕಾರನ್ನು ಹೇಗೆ ಮಾಡುವುದೆಂದು ನನಗೆ ತಿಳಿಯಲಿಲ್ಲ. ಹುಡುಕಿ ಹೋದರೆ ಅವರೊಳಗೆ ಒಬ್ಬರಲ್ಲ, ಬಹಳ ಜನ. ಇಡೀ ವರ್ಜೀನಿಯಾದ ಶಾಸನಸಭೆಯ ಕ್ಷೇತ್ರಗಳು ಮುನ್ನೂರೈವತ್ತು ನಾನೂರು ವರ್ಷಗಳಲ್ಲಿ ಹೇಗೆ ಹುಟ್ಟಿದವು, ಹೇಗೆ ಒಡೆದವು, ಯಾರು ಯಾರ ಊರನ್ನು ಯಾವ ಕಡೆ ತಳ್ಳಿದರು ಎಂಬುದು ಅವರ ನಾಲಗೆಯ ತುದಿಯಲ್ಲಿತ್ತು. ಅದೇ ಮನುಷ್ಯ ಅರವತ್ತು ಹತ್ತಿರ ಬರುವವರೆಗೂ ಎಲ್ಲಿಯೂ, ಯಾವುದಕ್ಕೂ, ಒಂದೇ ಒಂದು ಸಲ ಓಟು ಹಾಕಿರಲಿಲ್ಲ.

"ಊರಾಗ ಇದ್ದಾಗ ವಯಸ್ಸಾಗಿರಲಿಲ್ಲ, ವಯಸ್ಸಾದಾಗ ಊರಾಗ ಇರಲಿಲ್ಲ" ಅನ್ನುತ್ತಿದ್ದರು. ಗದಗಿನವರು. ಓದಿಗೆ ಮುಂಬೈ, ನೌಕರಿಗೆ ಮಸ್ಕತ್, ಅಲ್ಲಿಂದ ಇಲ್ಲಿ. ಇಲ್ಲಿ ಗ್ರೀನ್ ಕಾರ್ಡಿನ ಸಾಲಿನಲ್ಲಿ ನಿಂತು ತಲೆಗೂದಲು ಬೆಳ್ಳಗಾಯಿತು. ಎಂದಾದರೂ ಒಂದು ದಿನ ಓಟು ಹಾಕಬೇಕು, ಅದೂ ತೂಕವಿರುವ ಓಟು ಹಾಕಬೇಕು ಎಂಬುದೊಂದೇ ಅವರಿಗಿದ್ದ ಆಸೆ. ಬೇರೆಯವರಿಗೆ ದೊಡ್ಡ ಮನೆ, ಟೆಸ್ಲಾ, ಮಗ ಡಾಕ್ಟರು. ಇವರಿಗೆ ಓಟು.

ನಾನು ಹರ್ನ್‌ಡನ್‌ಗೆ ಬಂದ ಹೊಸತು. ಮೂವರು ಹುಡುಗರು, ಎರಡು ಬೆಡ್‌ರೂಮಿನ ಅಪಾರ್ಟ್‌ಮೆಂಟು, ಒಂದು ಕುಕ್ಕರ್. ಕುಕ್ಕರಿಗೆ ವಿಷಲ್ ಇರಲಿಲ್ಲ, ನಾನೇ ಹೊಡೆಯುತ್ತಿದ್ದೆ. ಕಾಕಾ ಅದೇ ಕಟ್ಟಡದ ಕೆಳಗಿನ ಮನೆಯಲ್ಲಿದ್ದರು. ಒಂದು ಸಂಜೆ ಬಾಗಿಲು ತಟ್ಟಿ, "ಜನಗಣತಿ ಫಾರ್ಮ್ ತುಂಬಿ ಕಳಿಸೀರೇನು?" ಎಂದು ಕೇಳಿದರು. ನಾನು ಗಾಬರಿಯಾದೆ.

"ಇಲ್ಲ ಅಂಕಲ್, ನಾವು ವೀಸಾ ಮೇಲೆ ಇರೋರು. ನಮ್ಮನ್ನ ಯಾಕೆ ಕೌಂಟ್ ಮಾಡ್ತಾರೆ?"

"ತಲಿ ಐತಲ?"

"ಇದೆ."

"ಸಾಕು. ಅದರಾಗ ಏನೈತಿ ಅಂತ ಅವರು ಕೇಳೂದಿಲ್ಲ. ನಿನ್ನ ಪುಣ್ಯ." ಆಮೇಲೆ, "ಮತ್ತ ಅಂಕಲ್ ಅನಬ್ಯಾಡ. ಈ ದೇಶದಾಗ ಎಲ್ಲಾರೂ ಅಂಕಲ್ಲೇ. ಕಾಕಾ ಅನ್ನು."

ಅಂದಿನಿಂದ ಅವರು ಕಾಕಾ, ಅವರ ಹೆಂಡತಿ ಕಾಕು. ಫಾರ್ಮ್ ತುಂಬಿಸಿಕೊಂಡೇ ಹೋದರು. ಹೋಗುವಾಗ ಮೆಟ್ಟಿಲ ಮೇಲೆ ನಿಂತು ಸಣ್ಣ ಪಾಠವನ್ನೂ ಮಾಡಿದರು. ಕ್ಷೇತ್ರಗಳನ್ನು ಮಾಡುವಾಗ ಲೆಕ್ಕ ಹಿಡಿಯುವುದು ಓಟು ಇದ್ದವರನ್ನಲ್ಲ, ಅಲ್ಲಿ ವಾಸವಾಗಿರುವ ಎಲ್ಲ ತಲೆಗಳನ್ನು. ಹಾಗಾಗಿ ನಮ್ಮ ಮೂವರ ತಲೆಯೂ ಸೇರಿ ಒಬ್ಬ ಶಾಸಕ ರಾಜಧಾನಿ ರಿಚ್ಮಂಡ್‌ನಲ್ಲಿ ಹೋಗಿ ಕೂರುತ್ತಾನೆ. ಆದರೆ ಅವನಿಗೆ ನಮ್ಮ ಮಾತು ಕೇಳುವ ಅಗತ್ಯವಿಲ್ಲ. ಮೊದಲು ಇಲ್ಲಿ ಗುಲಾಮರನ್ನೂ ಹೀಗೇ ಲೆಕ್ಕಕ್ಕೆ ಮಾತ್ರ ಹಿಡಿಯುತ್ತಿದ್ದರು ಎಂದು ಹೇಳಿ, ನಾನು "ಅಂದ್ರೆ ನಾವೂ..." ಎಂದು ಬಾಯಿ ತೆರೆಯುತ್ತಿದ್ದಂತೆ ಕೈ ಎತ್ತಿ ತಡೆದರು.

"ಹೋಲಿಸಬ್ಯಾಡ. ಅವರನ್ನ ಕಟ್ಟಿ ತಂದಿದ್ರು. ನಾವು ಅರ್ಜಿ ಹಾಕಿ, ಹಲ್ಲು ಕಿಸಿದು ಫೋಟೋ ತಗಸಿ ಬಂದವರು."

ಮಾತು ಎಲ್ಲಿಗೆ ಹೊರಟಿದೆ ಎಂದು ನಾವು ಅಂದುಕೊಳ್ಳುತ್ತಿದ್ದೆವೋ ಅದಕ್ಕೆ ಒಂದು ಹೆಜ್ಜೆ ಮೊದಲೇ ನಿಲ್ಲಿಸಿಬಿಡುವುದು ಅವರ ಪದ್ಧತಿ. ಆ ಸಂಜೆ ನಾನು ನಗಬೇಕಾಗಿತ್ತೋ, ಬೇಡವಾಗಿತ್ತೋ, ಈಗಲೂ ಗೊತ್ತಿಲ್ಲ.

ಅವರ ಕೆಲಸ ಮಳೆನೀರಿನ ಚರಂಡಿ ವಿನ್ಯಾಸ ಮಾಡುವುದು. ಪಕ್ಕದ ಊರು ರೆಸ್ಟನ್ನಿನಲ್ಲಿ ಹೊಸ ಕಟ್ಟಡ ಎದ್ದರೆ ಅದರ ಪಾರ್ಕಿಂಗ್ ಲಾಟಿನ ನೀರು ಎಲ್ಲಿಗೆ ಹರಿಯಬೇಕೆಂದು ಹೇಳುವವರು ಇವರು. "ನೀರು ತನ್ನ ಗೆರಿ ತಾನ ಎಳ್ಕೊಂತೈತಿ. ಮಂದಿಗೆ ಮಾತ್ರ ಇನ್ನೊಬ್ಬರು ಎಳೀತಾರ" ಅನ್ನುತ್ತಿದ್ದರು. ಈ ಗೆರೆಯ ಹುಚ್ಚು ಗದಗಿನಲ್ಲೇ ಅಂಟಿದ್ದಂತೆ. ಅವರ ಅಜ್ಜ ಒಂದೇ ಮನೆಯಲ್ಲಿ, ಒಂದೇ ಕಟ್ಟೆಯ ಮೇಲೆ ಕೂತು, ಮುಂಬೈ ಪ್ರಾಂತದವರಾಗಿದ್ದು, ಆಮೇಲೆ ಮೈಸೂರು ರಾಜ್ಯದವರಾಗಿ, ಕೊನೆಗೆ ಕರ್ನಾಟಕದವರಾಗಿ ತೀರಿಕೊಂಡರಂತೆ.

"ಬಾಗಲಾ ಅಲ್ಲೇ, ಕಟ್ಟಿ ಅಲ್ಲೇ, ಎಲಿಅಡಿಕಿ ಚೀಲ ಅಲ್ಲೇ. ರಾಜ್ಯ ಮಾತ್ರ ತಿರಗತಿತ್ತು. ಅಜ್ಜ ಕಂದಾಯ ಕಟ್ಟತಿದ್ದ, ಅದಕ್ಕ ಮುಂಬೈ ಶಾಸನಸಭಾಕ್ಕ ಅವಗ ಓಟಿತ್ತು. ಅವನ ಹೊಲದಾಗ ದುಡಿಯೋರಿಗೆ ಇರಲಿಲ್ಲ. ಆರಿಸಿಹೋದಾಂವ ಮುಂಬೈದಾಗ ಎದ್ದುನಿಂತು ಕನ್ನಡದಾಗ ಮಾತಾಡಿದ್ರ ತಿಳಿಯೋರ್ಯಾರು? ಅಂದ್ರ ಯಾರಿಗೆ ಓಟಿತ್ತೋ ಅವರಿಗೆ ದನಿ ಇರಲಿಲ್ಲ, ಉಳದವರಿಗೆ ಎರಡೂ ಇರಲಿಲ್ಲ."

ವರ್ಜೀನಿಯಾದ ಕಥೆಯನ್ನು ಹೇಳುವಾಗಲೂ ಅವರು ಅದನ್ನು ಗದಗಿನ ಪಕ್ಕದ ತಾಲ್ಲೂಕು ಎಂಬಂತೆ ಹೇಳುತ್ತಿದ್ದರು. ಮೊದಲು ಕೌಂಟಿಗೆ, ಅಂದರೆ ಇಲ್ಲಿಯ ಜಿಲ್ಲೆಗೆ, ಇಬ್ಬರಂತೆ ಕಳಿಸುತ್ತಿದ್ದರಂತೆ. ಸಮುದ್ರದ ಕಡೆಯ ಪುಟ್ಟ ಕೌಂಟಿಗೂ ಇಬ್ಬರು, ಗುಡ್ಡದ ಕಡೆಯ ಜನ ತುಂಬಿದ ಕೌಂಟಿಗೂ ಇಬ್ಬರು. "ಗುಡ್ಡದ ಮಂದಿ ಕೇಳಿದ್ರು: ಯಪ್ಪಾ, ನಾವು ಇಷ್ಟ ಮಂದಿ ಅದೀವಿ, ನಮಗ ಇಷ್ಟ ಕುರ್ಚಿ ಯಾಕ? ಇವರು ಕೇಳಲಿಲ್ಲ. ಅವರು ಕೇಳ್ತಾನ ಇದ್ರು, ಇವರು ಕೇಳಲಿಲ್ಲ. ಆಮ್ಯಾಲ ದೊಡ್ಡ ಯುದ್ಧ ಬಂತು, ಗುಡ್ಡದವರು ತಮ್ಮದ ಬ್ಯಾರೆ ರಾಜ್ಯ ಮಾಡ್ಕೊಂಡು ಹೋದ್ರು. ಈಗ ನಕಾಶೆ ನೋಡು, ಪಶ್ಚಿಮ ವರ್ಜೀನಿಯಾ ಅಂತ ಬ್ಯಾರೆನ ಐತಿ. ಕುರ್ಚಿ ಕೊಟ್ಟಿದ್ರ ಹೋಗತಿರಲಿಲ್ಲ." ಯುದ್ಧಕ್ಕೆ ಬೇರೆ ದೊಡ್ಡ ಕಾರಣಗಳಿದ್ದವಲ್ಲ ಎಂದು ನಾನು ಶಾಲೆಯ ಹುಡುಗನಂತೆ ಕೇಳಿದರೆ, "ಇದ್ವು. ಅವನ್ನ ಎಲ್ಲಾರೂ ಹೇಳ್ತಾರ. ನಾ ಕುರ್ಚಿದ್ದು ಹೇಳ್ತೀನಿ" ಎಂದರು.

ಅಧಿಕಾರದಲ್ಲಿರುವವರು ತಮಗೆ ಬೇಕಾದ ಓಟುಗಳು ಒಳಗೆ ಬರುವಂತೆ ಸೊಟ್ಟಗೆ ಗೆರೆ ಎಳೆಯುವ ಈಗಿನ ಕಾಲದ ಕ್ಷೇತ್ರ ಪುನರ್ವಿಂಗಡಣೆ ನನಗೆ ಅರ್ಥವಾಗಿದ್ದು ಒಂದು ಹುಟ್ಟುಹಬ್ಬದಲ್ಲಿ. ಮಗುವಿನ ಅಪ್ಪ ಫೋಟೋ ತೆಗೆಯುವುದರಲ್ಲಿದ್ದ, ಅಮ್ಮ ಪುಳಿಯೋಗರೆ ಬಿಸಿಮಾಡುವುದರಲ್ಲಿದ್ದಳು. ಕೇಕು ಕತ್ತರಿಸುವ ಪ್ಲಾಸ್ಟಿಕ್ ಚಾಕು ಕಾಕಾರ ಕೈಗೆ ಸಿಕ್ಕಿಬಿಟ್ಟಿತು. ಅವರು ಉಸಿರು ಬಿಗಿಹಿಡಿದು, ಕೇಕಿನ ಒಂದು ಮೂಲೆಯಿಂದ ಹೊರಟು, ಸೊಟ್ಟಸೊಟ್ಟಗೆ ಸುತ್ತಿ ಬಳಸಿ, ಮೇಲಿದ್ದ ಚೆರ್ರಿ ಹಣ್ಣುಗಳೆಲ್ಲ ಒಂದೇ ತುಂಡಿನೊಳಗೆ ಬೀಳುವಂತೆ ಕತ್ತರಿಸಿ ತಮ್ಮ ತಟ್ಟೆಗೆ ಹಾಕಿಕೊಂಡರು. ಉಳಿದದ್ದನ್ನು ಅಷ್ಟಷ್ಟೇ ಗಾತ್ರಕ್ಕೆ ಮಕ್ಕಳಿಗೆ ಹಂಚಿದರು.

"ಅಂಕಲ್! ದಟ್ಸ್ ನಾಟ್ ಫೇರ್!" ಎಂದು ಹುಟ್ಟುಹಬ್ಬದ ಹುಡುಗಿ ಕೂಗಿದಳು.

"ಯಾಕ? ಎಲ್ಲಾರ ತುಂಡೂ ಒಂದ ತೂಕ. ಬೇಕಾದ್ರ ತೂಗು."

"ಬಟ್ ಯೂ ಟುಕ್ ಆಲ್ ದ ಚೆರ್ರೀಸ್!"

"ಹೌದು. ಚಾಕು ನನ್ನ ಕೈಯಾಗಿತ್ತು." ಆಮೇಲೆ ಚೆರ್ರಿಗಳನ್ನೆಲ್ಲ ಅವಳ ತಟ್ಟೆಗೆ ಸುರಿದು, "ನೆನಪಿಟ್ಕೋ, ದೊಡ್ಡಾಕಿ ಆದಮ್ಯಾಲ ಓಟಿರ್ತೈತಿ ನಿನಗ" ಎಂದರು. ಅವಳಿಗೆ ಎಷ್ಟು ಅರ್ಥವಾಯಿತೋ. ಅಲ್ಲಿದ್ದ ಉಳಿದ ದೊಡ್ಡವರಿಗಂತೂ ಏನೂ ಅರ್ಥವಾಗಲಿಲ್ಲ.

ಆ ವರ್ಷ ದೀಪಾವಳಿ ಕಾರ್ಯಕ್ರಮದಲ್ಲಿ ನಾನು ಇದನ್ನೇ ಮಾಡಿ ತೋರಿಸಿದೆ. ಜನ ಬಿದ್ದು ಬಿದ್ದು ನಕ್ಕರು. ಪರದೆಯ ಹಿಂದೆ ಕಾಕಾ ಬಂದರು. ಬೈಯುತ್ತಾರೆಂದು ನಾನು ಪೆಚ್ಚಾಗಿ ನಿಂತೆ.

"ದನಿ ಬರೋಬ್ಬರಿ ಬಂತು" ಎಂದರು. "ಆದ್ರ ಗೆರಿ ಎಳಿಯೋ ಹೊತ್ತಿನಾಗ ನಾ ಉಸಿರು ಹಿಡೀತೀನಿ. ನೀ ಬಿಟ್ಟಿ. ಗೆರಿ ಎಳಿಯೋದು ಅಂದ್ರ ಒಬ್ಬರನ್ನ ಆ ಕಡೆ ಮಾಡಿದಂಗ, ತಮ್ಮಾ. ಉಸಿರಾಡ್ಕೋತ ಮಾಡೋ ಕೆಲಸಲ್ಲ ಅದು."

ನಾನು ಅಣಕಿಸಿದವರಲ್ಲಿ ಬೈದವರಿದ್ದಾರೆ, ಮಾತು ಬಿಟ್ಟವರಿದ್ದಾರೆ. ತಿದ್ದಿದವರು ಇವರೊಬ್ಬರೇ.

ಇದನ್ನೆಲ್ಲ ನೋಡಿ ಸಂಘದವರಿಗೆ ಒಂದು ಉಪಾಯ ಹೊಳೆಯಿತು. ಸಮಿತಿಯಲ್ಲಿ ಯಾವಾಗಲೂ ಸ್ವಂತ ಮನೆಯವರೇ ತುಂಬಿಕೊಳ್ಳುತ್ತಾರೆ, ಅಪಾರ್ಟ್‌ಮೆಂಟಿನವರಿಗೆ ಜಾಗವೇ ಇಲ್ಲ ಎಂಬ ದೂರು ಹಳೆಯದು. ಊರೂರಿಗೆ ವಲಯ ಮಾಡಿ ಪ್ರತಿನಿಧಿಗಳನ್ನು ಆರಿಸೋಣ, ಗೆರೆ ಎಳೆಯಲು ಕಾಕಾ ಇದ್ದಾರಲ್ಲ ಎಂದರು. ಕಾಕಾ ಹಗಲೂ ರಾತ್ರಿ ಕೂತು ಎಳೆದರು. ಅವರ ತತ್ವ ಗೊತ್ತಲ್ಲ, ಓಟಲ್ಲ, ತಲೆ. ಲೆಕ್ಕ ಹಿಡಿದದ್ದು ಬೇಸಿಗೆಯಲ್ಲಿ. ಬೇಸಿಗೆಯಲ್ಲಿ ಹರ್ನ್‌ಡನ್ನಿನ ಪ್ರತಿ ಅಪಾರ್ಟ್‌ಮೆಂಟಿನಲ್ಲೂ ಊರಿಂದ ಬಂದ ಅಪ್ಪ ಅಮ್ಮ, ಅತ್ತೆ ಮಾವ. ಸಂಜೆಯಾದರೆ ಕಾಲುದಾರಿಯ ಮೇಲೆ ಸೀರೆ ಮತ್ತು ಬಿಳಿ ಶೂಗಳ ಮೆರವಣಿಗೆ. ಅವರೂ ತಲೆಗಳೇ ತಾನೇ? ಹರ್ನ್‌ಡನ್ನಿಗೆ ಎರಡು ಸೀಟು ಬಂತು. ಚುನಾವಣೆ ನಡೆದದ್ದು ಚಳಿಗಾಲದಲ್ಲಿ. ಅಷ್ಟರಲ್ಲಿ ಅಜ್ಜಿಯರೆಲ್ಲ ವಿಮಾನ ಹತ್ತಿ ಹೋಗಿದ್ದರು. ಎರಡು ಸೀಟಿಗೆ ನಿಲ್ಲಲು ಜನವಿಲ್ಲದೆ ನನ್ನನ್ನೂ ನಿಲ್ಲಿಸಿ, ನಾನೂ ಗೆದ್ದು, ಒಂದು ವರ್ಷ ಸಮಿತಿಯಲ್ಲಿ ಪೇಪರ್ ಪ್ಲೇಟುಗಳ ಉಸ್ತುವಾರಿ ವಹಿಸಿಕೊಂಡೆ. ಪ್ರಜಾಪ್ರಭುತ್ವದ ಮೇಲೆ ನನಗಿದ್ದ ನಂಬಿಕೆ ಆ ವರ್ಷ ಸ್ವಲ್ಪ ಅಲುಗಾಡಿತು.

ಕಾಕಾ ಮಾತ್ರ ಆ ಚುನಾವಣೆಯಲ್ಲೂ ಓಟು ಹಾಕಲಿಲ್ಲ. "ಅಲ್ಲ ಕಾಕಾ, ಇಲ್ಲಿ ನಿಮಗೆ ಹಕ್ಕಿದೆ! ಮೆಂಬರ್‌ಶಿಪ್ ಇದೆ! ಹಾಕಿ!" ಎಂದು ನಾನು ಕೈ ಹಿಡಿದು ಎಳೆದೆ.

"ಗೆರಿ ಎಳೆದಾಂವ ಓಟು ಹಾಕಬಾರದು" ಎಂದು ಹೋಗಿ ಬಿಸಿಬೇಳೆಬಾತಿನ ಸಾಲಿನಲ್ಲಿ ನಿಂತುಬಿಟ್ಟರು. ದೂರದಿಂದ ನೋಡಿದೆ. ಕಣ್ಣು ಮತಪೆಟ್ಟಿಗೆಯ ಮೇಲೇ ಇತ್ತು. ಪೆಟ್ಟಿಗೆ ಅಂದರೆ ಶೂ ಡಬ್ಬ, ಮೇಲೆ ಕಂಡಿ ಕೊರೆದದ್ದು.

ಗೆಳೆಯನೊಬ್ಬನ ಮದುವೆಗೆಂದು ಒಮ್ಮೆ ಎಲ್ಲರೂ ಅಟ್ಲಾಂಟಾಗೆ ಕಾರಿನಲ್ಲಿ ಹೋದೆವು. ದಾರಿಯಲ್ಲಿ ಕರೊಲಿನಾದ ಸಮುದ್ರ ನೋಡೋಣ ಎಂದು ಕಾಕು ಮೊದಲೇ ಹೇಳಿ ಟೋಪಿ ಬೇರೆ ತಂದಿದ್ದರು. ಆದರೆ ಹೆದ್ದಾರಿಯ ಉದ್ದಕ್ಕೂ ಹಾವಿನಂತೆ ಮಲಗಿದ್ದ ಒಂದು ಸುಪ್ರಸಿದ್ಧ ಚುನಾವಣಾ ಕ್ಷೇತ್ರ ಆಗ ಉತ್ತರ ಕರೊಲಿನಾದಲ್ಲಿತ್ತು. ಕಾಕಾ ಅದನ್ನು ತಲೆಯಿಂದ ಬಾಲದವರೆಗೆ ನೋಡಲೇಬೇಕು ಎಂದರು. ಡ್ರೈವ್ ಮಾಡುತ್ತಿದ್ದವನು ನಾನು.

"ಸಾವಕಾಶ ಹೋಗು, ಸಾವಕಾಶ. ಈಗ ಒಳಗ ಬಂದ್ವಿ... ಈ ಎಡಗಡೆ ಗ್ಯಾಸ್ ಸ್ಟೇಷನ್ ಹೊರಗ... ಆ ಚರ್ಚು ಒಳಗ... ಈಗ ನೋಡು, ಈಗ ನೋಡು, ಇಲ್ಲಿ ಭಾಳ ಸಣ್ಣದಾಗ್ತೈತಿ."

"ಏನ್ ನೋಡ್ಲಿ ಕಾಕಾ? ರೋಡ್ ಇದೆ, ಮರ ಇದೆ."

"ಅದ ಮತ್ತ! ಏನೂ ಕಾಣೂದಿಲ್ಲ. ಅದಕ್ಕ ಎಳೀತಾರ."

ಹಿಂದಿನ ಸೀಟಿನಿಂದ ಕಾಕು, "ಮಂದಿ ಹೆಂಡರನ್ನ ಬೀಚಿಗೆ ಕರಕೊಂಡು ಹೋಗ್ತಾರ. ನನಗ ನೋಡ್ರಿ, ಕಾಣದ ಹಾವು ತೋರಸಾಕತ್ತಾರ" ಎಂದು ಟೋಪಿಯನ್ನು ಮುಖದ ಮೇಲೆ ಎಳೆದುಕೊಂಡು ಮಲಗಿದರು. ಷಾರ್ಲಟ್ ದಾಟುವಾಗ ಕಾಕಾ ಹಿಂದೆ ತಿರುಗಿ ಕೈ ಮುಗಿದರು. ಹಾವಿಗೋ, ಹೆಂಡತಿಗೋ, ಕನ್ನಡಿಯಲ್ಲಿ ಸರಿಯಾಗಿ ಕಾಣಲಿಲ್ಲ.

ಗ್ರೀನ್ ಕಾರ್ಡ್ ಬಂದ ಮೇಲೆ ಅವರು ಮನೆ ಹುಡುಕಲು ಹೊರಟರು. ನಮ್ಮವರು ಮನೆ ಕೊಳ್ಳುವಾಗ ಕೇಳುವ ಪ್ರಶ್ನೆಗಳು ಎರಡೇ: ಯಾವ ಶಾಲೆಗೆ ಸೇರುತ್ತದೆ, ಬಾಗಿಲು ಯಾವ ದಿಕ್ಕಿಗಿದೆ. ಶಾಲೆಯ ಗೆರೆಯ ಆ ಬದಿಯ ಮನೆಗೂ ಈ ಬದಿಯ ಮನೆಗೂ ಬೆಲೆಯೇ ಬೇರೆ. ರಿಯಲ್ ಎಸ್ಟೇಟ್ ನೋಡಿಕೊಳ್ಳುತ್ತಿದ್ದವರು ಬೆಂಗಳೂರಿನ ಶಿವಾಜಿನಗರದಿಂದ ಬಂದಿದ್ದ ಒಬ್ಬ ಆಂಟಿ. ಬುರ್ಖಾದ ಮೇಲೆ ಕೂಲಿಂಗ್ ಗ್ಲಾಸು, ನಾಲ್ಕು ಭಾಷೆಯಲ್ಲಿ ಚೌಕಾಸಿ.

ಕಾಕಾ ಕೇಳಿದರು, "ಇದು ಯಾವ ಅಸೆಂಬ್ಲಿ ಕ್ಷೇತ್ರದಾಗ ಬರ್ತೈತ್ರೀ?"

ಆಂಟಿ ಗ್ಲಾಸು ತೆಗೆದರು. "ಸರ್, ಸ್ಕೂಲ್ ಕೇಳೋರನ್ನ ನೋಡಿದೀನಿ. ವಾಸ್ತು ಕೇಳೋರನ್ನ ನೋಡಿದೀನಿ. ಬೇಸ್‌ಮೆಂಟ್‌ನಲ್ಲಿ ದೆವ್ವ ಇದ್ಯಾ ಅಂತಾನೂ ಒಬ್ರು ಕೇಳಿದಾರೆ. ಇದನ್ನ ಕೇಳಿದ ಫಸ್ಟ್ ಪರ್ಸನ್ ನೀವೇ."

ಲೆಕ್ಕಾಚಾರ ಹೀಗಿತ್ತು. ನಮ್ಮ ಅಪಾರ್ಟ್‌ಮೆಂಟ್ ಇದ್ದ ಬದಿಯ ಕ್ಷೇತ್ರದಲ್ಲಿ ಒಂದೇ ಪಕ್ಷ ಯಾವಾಗಲೂ ಸುಲಭವಾಗಿ ಗೆಲ್ಲುತ್ತಿತ್ತು. ಎದುರಿನ ರಸ್ತೆಯ ನಟ್ಟನಡುವೆ ಗೆರೆ. ರಸ್ತೆ ದಾಟಿದರೆ ಬೇರೆ ಕ್ಷೇತ್ರ, ಅಲ್ಲಿ ಕೊರಳಪಟ್ಟಿ ಹಿಡಿದುಕೊಳ್ಳುವಂಥ ಸ್ಪರ್ಧೆ. ಗೆಲುವು ಸೋಲು ಕೂದಲೆಳೆಯಲ್ಲಿ. ತಾನು ಪ್ರಜೆಯಾಗಿ ಮೊದಲ ಓಟು ಹಾಕುವ ಹೊತ್ತಿಗೆ ಅದು ಅಲ್ಲೇ ಬೀಳಬೇಕು ಎಂದು ಕಾಕಾ ರಸ್ತೆಯಾಚೆ, ಗೋಡೆಗೆ ಗೋಡೆ ಅಂಟಿದ ಸಾಲುಮನೆಗಳಲ್ಲಿ ಒಂದು ಟೌನ್‌ಹೌಸ್ ಹಿಡಿದರು. ಅದಕ್ಕೆ ಹಿತ್ತಲಿಲ್ಲ, ಬಾಗಿಲು ದಕ್ಷಿಣಕ್ಕೆ, ಅಡುಗೆಮನೆಯಲ್ಲಿ ಇಬ್ಬರು ನಿಂತರೆ ಮೂರನೆಯವರು ಉಸಿರಾಡುವಂತಿಲ್ಲ.

"ದಕ್ಷಿಣ ಬಾಗಲಾ ಯಮಗ ಅಂತಾರ" ಎಂದರು ಕಾಕು.

"ಬರಲಿ ಬಿಡು. ಯಮ ಬಂದರೂ ಜಿದ್ದಾಜಿದ್ದಿ ಕ್ಷೇತ್ರಕ್ಕ ಬಂದಂಗ ಆಗ್ತೈತಿ."

ಕಾಕು ಗೃಹಪ್ರವೇಶದ ದಿನ ಹಾಲು ಉಕ್ಕಿಸುವಾಗ ನನ್ನನ್ನು ಹತ್ತಿರ ಕರೆದು, "ಈ ಮನಿಶ್ಯಾಗ ಒಂದು ಓಟು ಕೊಡಿಸಿಬಿಡಪಾ ದೇವರೇ, ನನ್ನ ಮನಿ ನನಗ ಬಿಟ್ಟಕೊಡ್ತಾರ" ಎಂದರು. ನನ್ನ ಹತ್ತಿರ ಹೇಳಿದರೋ, ನನ್ನ ಮೂಲಕ ದೇವರಿಗೆ ಹೇಳಿದರೋ ತಿಳಿಯಲಿಲ್ಲ.

ವರ್ಷಗಳು ಹೋದವು. ಎರಡು ಸಾವಿರದ ಹತ್ತೊಂಬತ್ತರ ಬೇಸಿಗೆಯಲ್ಲಿ ಕಾಕಾ ಕೈ ಎತ್ತಿ ಪ್ರಮಾಣ ಮಾಡಿ ಅಮೆರಿಕದ ಪ್ರಜೆಯಾದರು. ಕಾಕು ಆಗಲಿಲ್ಲ. "ಮನ್ಯಾಗ ಒಬ್ಬರಾದರೂ ಅಲ್ಲಿಯವರು ಇರಬೇಕು. ನಾ ಊರಾಗ ಎರಡ ಸಲ ಓಟು ಹಾಕೀನಿ, ನನಗೇನು ದೊಡ್ಡ ಸುದ್ದಿ ಅಲ್ಲ" ಎಂದು ಗಂಡನಿಗೆ ಕೇಳುವಂತೆಯೇ ಹೇಳಿದರು. ಆ ನವೆಂಬರಿನಲ್ಲೇ ರಾಜ್ಯದ ಶಾಸನಸಭೆಯ ಚುನಾವಣೆ. ಕಾಯ್ದು ಕಾಯ್ದು ಎಲ್ಲ ಕೂಡಿಬಂದಿತ್ತು.

ಆಗ ಆದದ್ದನ್ನು ಹೇಗೆ ಹೇಳುವುದು? ಕಾಕಾ ಹುಡುಕಿ ಹೋದ ಕ್ಷೇತ್ರದ ಗಾಳಿ ಈ ಕೆಲವೇ ವರ್ಷಗಳಲ್ಲಿ ಪೂರ್ತಿ ಬದಲಾಗಿತ್ತು. ಹೊಸ ಕಟ್ಟಡಗಳು, ಹೊಸ ಜನ. ಇದ್ದ ಶಾಸಕ ಎಷ್ಟು ಗಟ್ಟಿಯಾಗಿ ಕೂತಿದ್ದನೆಂದರೆ ಎದುರು ಪಕ್ಷ ಯಾರನ್ನೂ ನಿಲ್ಲಿಸಲೇ ಇಲ್ಲ. ಮತಪತ್ರದಲ್ಲಿ ಶಾಸನಸಭೆಯ ಖಾನೆಯಲ್ಲಿ ಒಂದೇ ಹೆಸರು. ಸೆನೆಟ್, ಕೌಂಟಿ, ಸ್ಕೂಲ್ ಬೋರ್ಡ್ ಎಂದು ಮತಪತ್ರದಲ್ಲಿ ಬೇರೆ ಖಾನೆಗಳೂ ಇದ್ದವು. ಆದರೆ ಕಾಕಾ ಮನೆ ಕೊಂಡದ್ದು ಈ ಒಂದು ಖಾನೆಗಾಗಿ. ಅತ್ತ ರಸ್ತೆಯ ಈಚೆ, ನಮ್ಮ ಹಳೆಯ ಅಪಾರ್ಟ್‌ಮೆಂಟಿನ ಬದಿಯಲ್ಲಿ, ಆ ಸಲ ಇಬ್ಬರು ಹೊಸಬರು ಬಾಗಿಲಿಂದ ಬಾಗಿಲಿಗೆ ಓಡಾಡುತ್ತಿದ್ದರು. ನನ್ನ ಬಾಗಿಲಿಗೂ ಬಂದಿದ್ದರು. ನಾನು ಓಟಿಲ್ಲದವನು ಎಂದರೂ ಕೈಯಲ್ಲಿ ಒಂದು ಕರಪತ್ರ ತುರುಕಿ ಹೋದರು.

"ಕಾಕಾ, ವಾಪಸ್ ನಮ್ಮ ಬಿಲ್ಡಿಂಗಿಗೆ ಬಂದ್ಬಿಡಿ" ಎಂದೆ ತಮಾಷೆಗೆ. "ಕೆಳಗಿನ ಮನೆ ಖಾಲಿ ಇದೆ."

ಅವರು ನಗಲಿಲ್ಲ. ಮಾರನೆಯ ದಿನ ಲೀಸಿಂಗ್ ಆಫೀಸಿನಲ್ಲಿ ಬಾಡಿಗೆ ವಿಚಾರಿಸುತ್ತಿದ್ದುದನ್ನು ನನ್ನ ರೂಮ್‌ಮೇಟ್ ನೋಡಿದನಂತೆ. ಕಾಕುವಿಗೂ ಸುದ್ದಿ ಹೋಯಿತು.

"ಹೋಗ್ರಿ. ಡಬ್ಬಿ ಕಟ್ಟಿ ಕೊಡ್ತೀನಿ. ನಾ ಈ ಯಮನ ಬಾಗಲಾ ಬಿಟ್ಟು ಎಲ್ಲೂ ಬರೂದಿಲ್ಲ. ಈಗ ರೂಢಿ ಆಗೈತಿ."

ಕಾಕಾ ಹೋಗಲಿಲ್ಲ. ಓಟಿಗೋಸ್ಕರ ಎರಡು ಸಲ ಮನೆ ಬದಲಿಸಿದರೆ ತಾನೂ ಗೆರೆ ಎಳೆಯುವವರ ಪೈಕಿಯೇ ಆದಂತೆ ಎಂದು ಅಂದುಕೊಂಡರೋ, ಬಾಡಿಗೆ ಕೇಳಿ ಬೆಚ್ಚಿದರೋ ಹೇಳಲಿಲ್ಲ. ಆ ವಾರಗಳಲ್ಲಿ ಅವರು ಗೆರೆಯ ಮಾತನ್ನೇ ಎತ್ತಲಿಲ್ಲ. ಚರಂಡಿಯ ಬಗ್ಗೆ ಮಾತ್ರ ಮಾತಾಡಿದರು. ನನಗೆ ಹೆದರಿಕೆಯಾಯಿತು.

ಚುನಾವಣೆಯ ದಿನ ಬೆಳಿಗ್ಗೆ ಫೋನ್ ಬಂತು. "ಗಾಡಿ ತಗೊಂಡು ಬಾ. ಇವತ್ತ ನಾ ಹೊಡಿಯೂದಿಲ್ಲ."

ಬಿಳಿ ಅಂಗಿ, ಗಂಜಿ ಹಾಕಿ ಇಸ್ತ್ರಿ ಮಾಡಿದ್ದು. ಹಣೆಗೆ ಕಾಕು ಇಟ್ಟ ವಿಭೂತಿ. ಮತಗಟ್ಟೆ ಶಾಲೆಯೊಂದರ ಜಿಮ್ಮಿನಲ್ಲಿ. ಹೊರಗೆ ಮಕ್ಕಳ ಅಮ್ಮಂದಿರು ಮಫಿನ್ ಮಾರುತ್ತಿದ್ದರು. ಕಾಕಾ ಒಳಗೆ ಹೋದರು. ಓಟಿಲ್ಲದ ನಾನು ಮತ್ತು ಕಾಕು ಕಾರಿಗೆ ಒರಗಿ ಫ್ಲಾಸ್ಕಿನ ಚಹಾ ಕುಡಿಯುತ್ತ ನಿಂತೆವು. ಜಿಮ್ಮಿನ ಬಾಗಿಲು ತೆರೆದೇ ಇತ್ತು. ದೂರದಿಂದ ಅವರ ಬೆನ್ನು ಕಾಣುತ್ತಿತ್ತು.

ಅವರ ನಂತರ ಹೋದವರೆಲ್ಲ ಮುಗಿಸಿ ಬಂದರು. ಕಾಕಾ ಬಾಗಿ ನಿಂತೇ ಇದ್ದರು.

"ಒಂದ ಹೆಸರು ಇರೋದು. ಏನ್ ಓದಾಕತ್ತಾರ ಇಷ್ಟೊತ್ತು?" ಎಂದರು ಕಾಕು. ದನಿಯಲ್ಲಿ ಚೇಷ್ಟೆ ಇರಲಿಲ್ಲ.

ಕೊನೆಗೆ ಕಾಕಾ ನೆಟ್ಟಗಾಗಿ, ಹೋಗಿ ಮತಪತ್ರವನ್ನು ಯಂತ್ರದೊಳಗೆ ಬಿಟ್ಟರು. ಬಾಗಿಲ ಬಳಿ ಬಿಳಿ ತಲೆಯ ಒಬ್ಬ ಅಮೆರಿಕನ್ ಅಜ್ಜಿ ಕುಳಿತಿದ್ದಳು, ಎಲ್ಲರಿಗೂ 'ನಾನು ಮತ ಹಾಕಿದೆ' ಎಂಬ ಸಣ್ಣ ಸ್ಟಿಕ್ಕರ್ ಕೊಡುವುದು ಅವಳ ಕೆಲಸ. ಕಾಕಾ ಅವಳೆದುರು ನಿಂತು ಎಡಗೈಯ ತೋರುಬೆರಳನ್ನು ಮುಂದೆ ಚಾಚಿದರು. ಶಾಯಿ ಹಚ್ಚಿಸಿಕೊಳ್ಳಲು. ಅವರಪ್ಪ ಗದಗಿನಲ್ಲಿ ಚಾಚುತ್ತಿದ್ದ ಹಾಗೆ, ಕಾಕು ಎರಡು ಸಲ ಚಾಚಿದ ಹಾಗೆ. ಜಗತ್ತಿನ ಕ್ಷೇತ್ರಗಳೆಲ್ಲ ಬಲ್ಲ ಮನುಷ್ಯನಿಗೆ ಇಲ್ಲಿ ಶಾಯಿ ಹಚ್ಚುವುದಿಲ್ಲ ಎಂಬುದು ಆ ಕ್ಷಣ ಹೊಳೆಯಲೇ ಇಲ್ಲ.

ಅಜ್ಜಿ ಬೆರಳನ್ನು ನೋಡಿದಳು. ಕಾಕಾರನ್ನು ನೋಡಿದಳು. ಕಾಕಾ ಉಸಿರು ಬಿಗಿಹಿಡಿದು ನಿಂತಿದ್ದರು. ಅಷ್ಟು ದೂರದಿಂದಲೂ ನನಗೆ ಅದು ಗೊತ್ತಾಯಿತು. ಅವಳಿಗೆ ಏನು ಅರ್ಥವಾಯಿತೋ, ಒಂದು ಸ್ಟಿಕ್ಕರ್ ಕಿತ್ತು, ಮಗುವಿನ ಗಾಯಕ್ಕೆ ಪಟ್ಟಿ ಅಂಟಿಸುವಂತೆ, ಅವರ ಬೆರಳ ತುದಿಗೆ ಸುತ್ತಿ ಮೆತ್ತಗೆ ಒತ್ತಿದಳು.

ಬೆರಳನ್ನು ಮೇಲೆತ್ತಿಕೊಂಡೇ ಬಂದು ಕಾರಿನಲ್ಲಿ ಕೂತರು.

"ಕಾಕಾ, ಒಂದೇ ಹೆಸರಿತ್ತಲ್ಲ. ಏನ್ ಮಾಡಿದ್ರಿ?"

"ಗುಪ್ತ ಮತದಾನ."

"ಒಬ್ಬಾಂವ ನಿಂತಾಗ ಗುಪ್ತ ಎಲ್ಲಿಂದ ಬಂತ್ರೀ?" ಎಂದರು ಕಾಕು.

"ಕೆಳಗ ಒಂದು ಖಾಲಿ ಜಾಗಾ ಬಿಟ್ಟಿರ್ತಾರ. ಯಾರ ಹೆಸರು ಬೇಕಾದ್ರೂ ಬರೀಬಹುದು."

"ಬರೆದ್ರಾ?" ಎಂದೆ ನಾನು.

ಅವರು ಕಿಟಕಿಯಾಚೆ ನೋಡಿದರು. "ಗುಪ್ತ ಅಂದೆನಲ್ಲ."

ಕಾಕು ಫ್ಲಾಸ್ಕಿನ ಮುಚ್ಚಳ ತಿರುಗಿಸುತ್ತ, "ನನ್ನ ಹೆಸರು ಬರದಿಲ್ರಿ ಹೌದಿಲ್ಲೋ? ಆರಿಸಿಗೀರಿಸಿ ಬಂದ್ನಂದ್ರ ಮತ್ತ, ರಿಚ್ಮಂಡ್ ಭಾಳ ದೂರ" ಎಂದರು. ಕಾಕಾ ನಕ್ಕರೋ ಕಣ್ಣು ಒರೆಸಿಕೊಂಡರೋ, ಬೆರಳಿನ ಸ್ಟಿಕ್ಕರ್ ಅಡ್ಡ ಬಂತು. ಅಜ್ಜನ ಹೆಸರು ಬರೆದರೇ? ಅಜ್ಜನ ಹೊಲದಲ್ಲಿ ದುಡಿದವರ ಹೆಸರೇ? ಇದ್ದ ಒಂದೇ ಹೆಸರಿನ ಮುಂದಿನ ಸೊನ್ನೆಯನ್ನು ಪೆನ್ನಿನಿಂದ ತುಂಬಿ, ಸುಮ್ಮನೆ ನಮ್ಮನ್ನು ಆಟ ಆಡಿಸಿದರೇ? ಎಲ್ಲವನ್ನೂ ನಾನು ಅವರ ದನಿಯಲ್ಲಿ ಹೇಳಿ ನೋಡಿದ್ದೇನೆ. ಎಲ್ಲವೂ ಸರಿಯಾಗಿಯೇ ಕೇಳಿಸುತ್ತದೆ. ಅದೇ ತೊಂದರೆ.

ಮಗಳಿಗೆ ಹೆರಿಗೆ ಹತ್ತಿರವಾಗಿತ್ತು. ಆ ಡಿಸೆಂಬರಿನಲ್ಲೇ ಟೌನ್‌ಹೌಸ್ ಮಾರಿ ಷಾರ್ಲಟ್‌ಗೆ ಹೊರಟರು. ಗೆರೆ ನೋಡಿ ಕೊಂಡ ಮನೆಯಿಂದ ಅವರು ಹಾಕಿದ ಓಟು ಆ ಒಂದೇ. "ಅಲ್ಲಿ ಗೆರಿ ಇನ್ನೂ ಚಂದ ಅದಾವಂತ, ಕೋರ್ಟು ಮ್ಯಾಲಿಂದ ಮ್ಯಾಲ ಅಳಸಾಕತ್ತೈತಿ" ಎಂದು ಕಾಕಾ ಹುಮ್ಮಸ್ಸಿನಲ್ಲಿದ್ದರು. ಈ ಸಲ ಹಿತ್ತಲಿರುವ ಮನೆ ಎಂದು ಕಾಕು ಆಣೆ ಹಾಕಿಸಿಕೊಂಡಿದ್ದರು.

ಬೀಳ್ಕೊಡುಗೆಯ ದಿನ ನನ್ನ ಹೆಸರು ಕರೆದರು. ಕೇಕ್, ಹಾವು, ವಾಸ್ತು, ಎಲ್ಲ ತಯಾರು ಮಾಡಿಕೊಂಡು ಹೋಗಿದ್ದೆ. ವೇದಿಕೆ ಹತ್ತಿದ ಮೇಲೆ ಯಾವುದೂ ಬಾಯಿಗೆ ಬರಲಿಲ್ಲ. ಬಾಯಿ ಮುಚ್ಚಿ, ಉಸಿರು ಬಿಗಿಹಿಡಿದು, ಎಡಗೈಯ ತೋರುಬೆರಳನ್ನು ಮುಂದೆ ಚಾಚಿ ನಿಂತೆ.

ಸಭೆ ನಗಲು ಕಾದಿತ್ತು. ಯಾರೂ ನಗಲಿಲ್ಲ. ಹಿಂದಿನ ಸಾಲಿನಿಂದ ಯಾರೋ "ಮೈಕ್ ಆನ್ ಇದ್ಯಾ?" ಎಂದರು. ಅಧ್ಯಕ್ಷರು ಗಂಟಲು ಸರಿಮಾಡಿಕೊಂಡರು. ನಾನು ಬೆರಳು ಚಾಚಿಕೊಂಡೇ ಇದ್ದೆ.

ಮುಂದಿನ ಸಾಲಿನಲ್ಲಿ ಕೂತಿದ್ದ ಕಾಕಾ ನನ್ನ ಬೆರಳನ್ನು ನೋಡಿದರು.

"ಈ ಸಲ ಬರೋಬ್ಬರಿ ಹಿಡದಿ, ತಮ್ಮಾ" ಎಂದರು.

ಪಕ್ಕದಲ್ಲಿದ್ದ ಕಾಕು ಸೆರಗಿನಿಂದ ಮೂಗು ಒರೆಸಿಕೊಂಡು, "ಇನ್ನ ಉಸಿರು ಬಿಡಪಾ. ಊಟ ಆರಾಕತ್ತೈತಿ" ಎಂದರು.